ಆಗ್ನೆಸಕ್ಕ ಕೊಟ್ಟ ಕಿತ್ತಳೆ

ಬೆಲ್‌ಫಾಸ್ಟ್, 1921

ಆಗ್ನೆಸಕ್ಕ,

ಪೊಲೀಸರು ಕೊಂದ ನನ್ನ ತಮ್ಮ ಫೆಲಿಮ್‌ನ ಶವಪೆಟ್ಟಿಗೆಗೆ ಹೊದಿಸಲು ಐರ್ಲೆಂಡಿನ ಮೂರು ಬಣ್ಣದ ಬಾವುಟ ಹೊಲಿದು ಮುಗಿಸಿದೆ. ನಮ್ಮ ಕ್ಯಾಥೊಲಿಕರ ಹಸಿರು ಮನೆಯಲ್ಲಿತ್ತು. ನಿಮ್ಮ ಪ್ರಾಟೆಸ್ಟೆಂಟರ ಕಿತ್ತಳೆಗೆ ನಿಮ್ಮ ಗಂಡ ಮೆರವಣಿಗೆಯಲ್ಲಿ ಹೆಗಲಿಗೆ ಹಾಕುತ್ತಿದ್ದ ಬಟ್ಟೆಯ ಪಟ್ಟಿಯನ್ನೇ ಕೊಟ್ಟಿರಿ. "ತಗೊಳ್ಳೇ, ಅವ್ರು ಹೋದ್ಮೇಲೆ ಇದ್ರಲ್ಲಿ ನುಸಿಗಳದ್ದೇ ಮೆರವಣಿಗೆ" ಅಂದಿರಿ. ನಡುವಿನ ಬಿಳಿ ಶಾಂತಿಯಂತೆ! ಈ ಬೀದಿಗೆ ಬಿಳಿ ಬಂದದ್ದೆಲ್ಲ ಹೆಣದ ಬಟ್ಟೆಯಾಗಿಯೇ.

ಪಟ್ಟಿಯ ಮೇಲಿದ್ದ ಅವರ ಸಂಘದ ಹೆಸರಿನ ಕಸೂತಿಯನ್ನು ಬಿಚ್ಚಿದ್ದೇನೆ. ಆದರೂ ಸೂಜಿಯ ತೂತುಗಳಲ್ಲಿ ಅದನ್ನು ಓದಬಹುದು. ತಿಳಿದರೆ ನಿಮ್ಮವರೇ ನಿಮ್ಮ ಮನೆಗೆ ಬೆಂಕಿ ಇಡುತ್ತಾರೆ. ನನಗೆ ನಿದ್ದೆಯಿಲ್ಲ.

ನಾಳೆ ಹೆಣ ಹಾದುಹೋಗುವಾಗ, ಸತ್ತವರಿಗೆ ಗೌರವ ತೋರುವ ಪದ್ಧತಿಯೆಂದು ನೀವು ಕಿಟಕಿಯ ಪರದೆ ಎಳೆದು ಮುಚ್ಚಬೇಡಿ. ಎಳೆದ ಮನೆಗಳನ್ನು ನಿಮ್ಮವರು ಗುರುತಿಟ್ಟುಕೊಳ್ಳುತ್ತಾರೆ. ನಾನು ಆ ಕಡೆ ತಲೆಯೆತ್ತುವುದಿಲ್ಲ. ನಿಮ್ಮ ದುಃಖವನ್ನು ಫೆಲಿಮ್ ಹೊದ್ದುಕೊಂಡೇ ಹೋಗುತ್ತಾನೆ.

ಓದಿದ ಕೂಡಲೇ ಇದನ್ನು ಒಲೆಗೆ ಹಾಕಿ.

ಎದುರು ಮನೆಯ
ಊನಾ