ಹತ್ತೊಂಬತ್ತನೇ ಪುಟ

ನಕ್ಷೆ ವಿಭಾಗ, ಕಚೇರಿ
ದಿನಾಂಕ 30, ಸಂಜೆ ಐದೂವರೆ

ಪ್ರೀತಿಯ ದೋಸ್ತ,

ಹೇಗಿದ್ದೀಯ ಎಂದು ಕೇಳುವುದಿಲ್ಲ. ಇವತ್ತು ಹೇಗಿರುತ್ತೀಯ ಎಂದು ನನಗೆ ಗೊತ್ತು. ಸಂಜೆ ಐದಕ್ಕೆ ನಿನ್ನ ನಿವೃತ್ತಿಯ ಗಡುವು ಮುಗಿಯಿತು. ಅದರೊಳಗೆ ನಿನ್ನನ್ನು ಕೆಲಸಕ್ಕೆ ವಾಪಸ್ ತೆಗೆದುಕೊಳ್ಳುವ ಆದೇಶ ಹೊರಡಲಿಲ್ಲ. ಬೇರೆಯವರ ಬಾಯಿಂದ ಕೇಳುವ ಬದಲು ನನ್ನಿಂದಲೇ ತಿಳಿಯಲಿ ಎಂದು ಬರೆಯುತ್ತಿದ್ದೇನೆ.

ನೀನು ನಕ್ಷೆ ತಿದ್ದಿದೆ ಎಂದು ಕೆಳಗಿನ ಕೋರ್ಟು ಶಿಕ್ಷೆ ಕೊಟ್ಟಿತು, ಇಲಾಖೆ ಹೊರಗೆ ಹಾಕಿತು, ಹನ್ನೊಂದು ವರ್ಷ ನೀನು ಮನೆಯಲ್ಲಿ ಕೂತೆ. ಎಂಟು ತಿಂಗಳ ಹಿಂದೆ ಮೇಲಿನ ಕೋರ್ಟು ನೀನು ನಿರ್ದೋಷಿ ಎಂದಾಗ ಇಡೀ ವಿಭಾಗಕ್ಕೆ ಚಹಾ ಕುಡಿಸಿದವನು ನಾನು. ತೀರ್ಪಿನ ಪ್ರತಿಯನ್ನು ನೀನೇ ತಂದು ನನ್ನ ಕೈಗೆ ಕೊಟ್ಟೆ. ಒಂದೇ ಒಂದು ದಿನ ಆ ಕುರ್ಚಿಯಲ್ಲಿ ಕೂತ್ರೂ ಸಾಕು ಕಣೋ, ಹೋದ ವರ್ಷಗಳೆಲ್ಲ ಸೇವೆಗೆ ಸೇರ್ತವೆ, ಪಿಂಚಣಿ ಸಿಗತ್ತೆ ಅಂದಿದ್ದೆ ನೀನು. ನಿಜವೇ. ನಿಯಮಗಳನ್ನು ಅರೆದು ಕುಡಿದವನು ನೀನು.

ಆದರೆ ಕಡತಕ್ಕೂ ಅದರದೇ ನಡೆ ಇದೆ. ತೀರ್ಪಿನ ಪುಟ ಒಂದೊಂದನ್ನೂ ಎಣಿಸಿ ಸಹಿ ಮಾಡದೆ ಸಾಹೇಬರ ಮುಂದೆ ಇಡುವಂತಿಲ್ಲ. ನಾನು ಎಣಿಸಿದೆ. ಹತ್ತೊಂಬತ್ತನೇ ಪುಟ ಇರಲಿಲ್ಲ. ಎಣಿಸಿಯೇ ಕೊಟ್ಟಿದ್ದೀನಿ ಅಂದೆ ನೀನು. ಹನ್ನೊಂದು ವರ್ಷ ರೂಢಿ ತಪ್ಪಿದ ಕೈಯಪ್ಪ ಅಂದೆ ನಾನು. ಕೋರ್ಟಿನಿಂದ ಹೊಸ ಪ್ರತಿ ಬರಲು ಮೂರು ತಿಂಗಳು ಹಿಡಿಯಿತು. ಅದು ಬಂದ ಮೇಲೆ ಕಾನೂನು ಶಾಖೆಯ ಅಭಿಪ್ರಾಯ ಬೇಕೆಂದು ಬರೆದೆ. ಅಭಿಪ್ರಾಯ ಬಂದಾಗ ನಾನು ರಜೆಯಲ್ಲಿದ್ದೆ, ಕಡತವಿದ್ದ ಬೀರುವಿನ ಬೀಗದ ಕೈ ನನ್ನ ಜೇಬಿನಲ್ಲಿತ್ತು. ಏನು ಮಾಡುವುದು ಹೇಳು.

ನಿನ್ನ ಜಾಗಕ್ಕೆ ಬಡ್ತಿ ಪಡೆದವನು ನಾನು. ನೀನು ಬಂದರೆ ನಾನು ಮತ್ತೆ ಗುಮಾಸ್ತನಾಗಬೇಕು, ಅದಕ್ಕೇ ಕಡತ ತೆವಳುತ್ತಿದೆ ಎಂದು ಇಲ್ಲಿ ಕೆಲವರು ಗುಸುಗುಸು ಎಂದರು. ಕೆಲಸವಿಲ್ಲದ ಬಾಯಿಗಳು. ನಾನು ಕಿವಿಗೆ ಹಾಕಿಕೊಳ್ಳಲಿಲ್ಲ.

ಹೋದ ವಾರ ನಿನ್ನ ಹೆಂಡತಿ ಬಂದಿದ್ದಳು. ನಿನಗೆ ಹೇಳಿರಲಿಕ್ಕಿಲ್ಲ. ಬೆಳಗಿನಿಂದ ಬಾಗಿಲ ಪಕ್ಕದ ಬೆಂಚಿನಲ್ಲಿ ಕೂತಿದ್ದಳು. ಅಣ್ಣಾ, ಇವರು ದಿನಾ ಒಂಬತ್ತಕ್ಕೆಲ್ಲ ಇಸ್ತ್ರಿ ಷರ್ಟು ಹಾಕ್ಕೊಂಡು ಬಾಗಿಲಲ್ಲಿ ನಿಂತಿರ್ತಾರೆ, ಮಧ್ಯಾಹ್ನ ನಾನೇ ಬಿಚ್ಚಿಸ್ಬೇಕು, ಒಂದು ಸಹಿ ಅಲ್ವಾ ಅಂತ ಕೇಳಿದಳು. ಒಳಗೆ ಕರೆದು ಚಹಾ ಕುಡಿಸಿದೆ ಕಣೋ. ಈ ವಾರ ಆಗೇ ಆಗತ್ತಮ್ಮ ಅಂತ ಹೇಳಿ ಕಳಿಸಿದೆ. ಮೆಟ್ಟಿಲಿಳಿಯುವಾಗ ಎರಡು ಸಲ ತಿರುಗಿ ನೋಡಿ ನಕ್ಕಳು, ಪಾಪ.

ಬೇಜಾರು ಮಾಡಿಕೊಳ್ಳಬೇಡ. ನಿರ್ದೋಷಿ ಎಂಬ ಹೆಸರು ಬಂತಲ್ಲ, ಅದನ್ನು ಯಾರೂ ಕಿತ್ತುಕೊಳ್ಳಲಾರರು. ನಾಳೆಯಿಂದ ನಿಧಾನವಾಗಿ ಏಳು. ತಂಗಿಗೂ ದಿನಾ ಇಸ್ತ್ರಿ ಮಾಡುವ ಕೆಲಸ ತಪ್ಪಿತು.

ಎಂದಿನಂತೆ ನಿನ್ನವನೇ,
ಪಕ್ಕದ ಮೇಜಿನವನು

ತಾ.ಕ.: ನನ್ನ ಮೇಜು ಖಾಲಿ ಮಾಡುವಾಗ ಕೆಳಗಿನ ಡ್ರಾಯರಿನಲ್ಲಿ ನಿನ್ನ ಹತ್ತೊಂಬತ್ತನೇ ಪುಟ ಸಿಕ್ಕಿತು, ಜೊತೆಗಿಟ್ಟಿದ್ದೇನೆ. ನಿನ್ನನ್ನು ನಿರ್ದೋಷಿ ಎಂದ ಸಾಲು ಅದರಲ್ಲೇ ಇದೆ, ಚೆನ್ನಾಗಿ ಬರೆದಿದ್ದಾರೆ. ಆದೇಶ ಹೊರಡದ್ದಕ್ಕೆ ಇಲಾಖೆಗೆ ಮೇಲ್ಮನವಿ ಕೊಡುವುದಾದರೆ ಧಾರಾಳವಾಗಿ ಕೊಡು. ಮೂರು ಪ್ರತಿ ಇರಲಿ, ಈ ಸಲ ಸರಿಯಾಗಿ ಎಣಿಸು. ನಾಳೆ ಒಂದನೇ ತಾರೀಖಿನಿಂದ ಮೇಲ್ಮನವಿ ಶಾಖೆಗೆ ನಾನೇ ಮುಖ್ಯಸ್ಥ.