ಹುಲಿಮಾವನ ಕೈಚೀಲ

ಸೋಮವಾರ, ಬೆಳಿಗ್ಗೆ

ಪ್ರೀತಿಯ ಅಕ್ಕನಿಗೆ ನಿನ್ನ ಒಬ್ಬನೇ ತಮ್ಮನ ನಮಸ್ಕಾರ.

ನಾನು ಈ ನಗರಕ್ಕೆ ಕಾಲಿಟ್ಟ ಸುದ್ದಿ ಕೇಳಿ ಇಲ್ಲಿನ ಕಳ್ಳರೆಲ್ಲ ಗಂಟುಮೂಟೆ ಕಟ್ಟಿ ಓಡಿಹೋಗಿದ್ದಾರೆ. ನೀನು ನೆಮ್ಮದಿಯಿಂದ ಊಟ ಮಾಡು.

ನಿನ್ನ ಮಗಳು ಇಲ್ಲಿ ಬಂದೂಕು ಹಿಡಿಯಲು ಕಲಿಯುತ್ತಿದ್ದಾಳೆ, ಊರಿಗೆ ಎಳೆದುಕೊಂಡು ಬಾ ಎಂದು ನೀನು ಕಳಿಸಿದೆ. ಔಷಧಿ ಅಂಗಡಿಯ ಕೆಲಸ ಮುಗಿಸಿ ಹೊರಟವಳ ಹಿಂದೆಯೇ ಹೋದೆ. ದರ್ಜಿ ಅಂಗಡಿಯ ಮೇಲೊಂದು ಕೋಣೆ, ನೆಲಕ್ಕೆ ದಪ್ಪ ಚಾಪೆ. ನರ್ಸು, ಬಸ್ ಕಂಡಕ್ಟರು, ಸ್ವೆಟರ್ ಹೆಣೆಯುತ್ತಿದ್ದ ಒಬ್ಬ ಅಜ್ಜಿ, ಹೀಗೆ ಎಲ್ಲ ಹೆಂಗಸರೇ. ಕಲಿಸುವಾಕೆ ಸೈನ್ಯದಿಂದ ನಿವೃತ್ತಳಾದವಳು. ಇಡೀ ಸಂಜೆ ಒಂದು ಗುಂಡೂ ಹಾರಲಿಲ್ಲ, ಅಕ್ಕ! ನಳಿಗೆಯನ್ನು ಯಾರ ಕಡೆಗೂ ತಿರುಗಿಸಬಾರದು, ಟ್ರಿಗರ್ ಮೇಲೆ ಬೆರಳಿಡಬಾರದು, ಖಾಲಿ ಇದ್ದರೂ ತುಂಬಿದೆ ಎಂದೇ ತಿಳಿಯಬೇಕು. ಇಷ್ಟೇ ಪಾಠ.

ಹುಲಿ ಹೊಡೆದವನ ಮುಂದೆ ಇದೇನು ಅ ಆ ಇ ಈ ಎಂದೆ. (ಅದು ಬೆಕ್ಕು, ಅದೂ ತಪ್ಪಿಸಿಕೊಂಡಿತು ಎಂಬುದು ನಿನ್ನ ಹೊಟ್ಟೆಯಲ್ಲೇ ಇರಲಿ.) ಮೇಜಿನ ಮೇಲಿದ್ದ ಖಾಲಿ ಪಿಸ್ತೂಲು ಎತ್ತಿ, ಧೂಳಿರಬಹುದೆಂದು ಊದುಕೊಳವೆ ಊದುವಂತೆ ನಳಿಗೆಗೆ ಬಾಯಿಟ್ಟು ಊದಿದೆ.  ಮಗಳು ಬಂದು ನನ್ನ ಮಣಿಕಟ್ಟು ಹಿಡಿದಳು. ಆಮೇಲೆ ಪಿಸ್ತೂಲು ಅವಳ ಕೈಯಲ್ಲಿತ್ತು, ನಾನು ಚಾಪೆಯ ಮೇಲಿದ್ದೆ. ಕಾಲು ನೋಯುತ್ತಿತ್ತು, ನಾನೇ ಕೂತೆ.

ಮಾನ ಉಳಿಯಬೇಕಲ್ಲ? ಅವಳ ಜೊತೆ ಪಂದ್ಯ ಕಟ್ಟಿದೆ. ನನ್ನ ಕೈಚೀಲ ಕಿತ್ತುಕೊಂಡರೆ ನೀನು ಇಲ್ಲೇ ಇರು, ಒಳಗಿದ್ದದ್ದೂ ನಿನ್ನದೇ. ಆಗದಿದ್ದರೆ ನಾಳೆಯೇ ನನ್ನ ಜೊತೆ ಊರಿಗೆ ಎಂದೆ.

“ಗಟ್ಟಿಯಾಗಿ ಹಿಡ್ಕೋ ಮಾವ. ಆಮೇಲೆ ಹುಡುಗಿ ಅಂತ ಬಿಟ್ಟುಕೊಟ್ಟೆ ಅನ್ಬೇಡ” ಎಂದಳು.

ನಾನು ಎರಡನೇ ಸಲ ಕೂತೆ. ಅಜ್ಜಿ ಹೆಣಿಗೆಯಿಂದ ತಲೆಯೆತ್ತದೆ, ಬೀಳುವಾಗ ಗದ್ದ ಎದೆಗೆ ಒತ್ತಿಕೊಳ್ಳಬೇಕಪ್ಪ ಎಂದು ಬುದ್ಧಿ ಹೇಳಿದಳು. ಚೀಲದಲ್ಲಿ ಹೆಚ್ಚೇನಿರಲಿಲ್ಲ, ನೂರೋ ನೂರೈವತ್ತೋ.

ಮನೆಗೆ ನಡೆಯುವಾಗ ಮಗಳು ಹೇಳಿದಳು: ಹೋದ ತಿಂಗಳು ಇದೇ ಬೀದಿಯಲ್ಲಿ ಇಬ್ಬರು ಅವಳ ಬೆನ್ನು ಹತ್ತಿದ್ದರಂತೆ. ನಿನಗೆ ಹೇಳಿದರೆ ಕೆಲಸ ಬಿಡಿಸುತ್ತೀ ಎಂದು ಬಾಯಿ ಮುಚ್ಚಿಕೊಂಡಿದ್ದಳಂತೆ. ಈಗ ತಲೆಯೆತ್ತಿ ನಡೆಯುತ್ತಾಳೆ. ನಾನೇ ಅವಳ ಮಗ್ಗುಲಿಗೆ ಒತ್ತಿಕೊಂಡು ನಡೆದೆ. ಅವಳು ಇಲ್ಲೇ ಇರಲಿ, ಅಕ್ಕ. ಯೋಚಿಸಿಯೇ ಹೇಳುತ್ತಿದ್ದೇನೆ.

ಇಂತಿ, ನಿನ್ನ ತಮ್ಮ
ಹುಲಿಮಾವ

ಮರೆತಿದ್ದೆ: ನನ್ನೊಬ್ಬನ ಟಿಕೆಟ್ಟಿಗೆ ದುಡ್ಡು ಕಳಿಸು. ಅವಳು ಚೀಲ ವಾಪಸು ಕೊಡಲು ಬಂದಳು, ಮುಂದಿನ ಫೀಸಿಗೆ ಇಟ್ಟುಕೋ ಎಂದು ಎದೆಯುಬ್ಬಿಸಿ ಹೇಳಿಬಿಟ್ಟೆ. ನಮ್ಮಿಬ್ಬರ ಪ್ರಯಾಣಕ್ಕೆ ನೀನು ಕೊಟ್ಟದ್ದೆಲ್ಲ ಅದರಲ್ಲೇ ಇತ್ತು. ನೂರೈವತ್ತಲ್ಲ, ನಾಲ್ಕು ಸಾವಿರ.