ನಮ್ಮ ಮಾವ ಹೋಗಿದ್ದು ಊಟಕ್ಕೆ

ನಗರಸಭೆಯ ಹಳೇಪೇಟೆ ಪರಂಪರೆ ಕಚೇರಿಯ ಮುಖ್ಯಾಧಿಕಾರಿಗಳಿಗೆ,

ಮಾನ್ಯರೇ,

ನಮ್ಮ ಮಾವ ತೀರಿಕೊಂಡಿಲ್ಲ. ಈ ಪತ್ರ ಬರೆಯುತ್ತಿರುವ ಹೊತ್ತಿನಲ್ಲಿ ಅವರು ಕೆಳಗಿನ ಕೋಣೆಯಲ್ಲಿ ಕುಳಿತು, ಕಿಟಕಿ ತೆರೆಯಬೇಕೋ ಮುಚ್ಚಬೇಕೋ ಎಂಬ ವಿಷಯಕ್ಕೆ ನಮ್ಮ ಅತ್ತೆಯ ಜೊತೆ ಜಗಳವಾಡುತ್ತಿದ್ದಾರೆ. ದನಿ ಮಹಡಿಯವರೆಗೂ ಕೇಳುತ್ತಿದೆ. ಸತ್ತವರ ಬಗ್ಗೆ ನನಗೆ ಹೆಚ್ಚಿನ ಅನುಭವವಿಲ್ಲ. ಆದರೂ ಅವರು ಒಂದು ಕಿಟಕಿಗಾಗಿ ಇಷ್ಟು ಹಟ ಮಾಡಲಾರರು ಎಂದು ನನ್ನ ಅಂದಾಜು.

ಹೀಗಿದ್ದೂ ತಮ್ಮ ಕಚೇರಿ ಅವರನ್ನು ಬೇಸಿಗೆಯ ಆರಂಭದಿಂದ ದಿನವೂ ಸಾಯಿಸುತ್ತಿದೆ. ಬೆಳಿಗ್ಗೆ ಒಂದಷ್ಟು ಸಲ, ಬಿಸಿಲಿಳಿದ ಮೇಲೆ ಇನ್ನಷ್ಟು ಸಲ, ರಜಾದಿನಗಳಲ್ಲಿ ಬಿಡುವಿಲ್ಲದಷ್ಟು ಸಲ. ತಾವು ಹೊರತಂದಿರುವ ‘ಹೆಜ್ಜೆಗೊಂದು ಕಥೆ’ ಎಂಬ ಧ್ವನಿ ನಡಿಗೆಯ ಬಗ್ಗೆ ತಿಳಿಯದವರ ಕೈಗೂ ಈ ಪತ್ರ ಸಿಗಬಹುದೆಂದು ಎರಡು ಮಾತು. ಹಳೇಪೇಟೆಯ ಗಡಿಯಾರದ ಗೋಪುರದ ಬುಡದಲ್ಲಿ ಒಂದು ಫಲಕವಿದೆ. ಅದಕ್ಕೆ ಫೋನು ಹಿಡಿದರೆ ಒಬ್ಬ ಹೆಣ್ಣುಮಗಳ ದನಿ ಕಿವಿಯೊಳಗೆ ಬಂದು ಕೂರುತ್ತದೆ. ನೆಲದ ಮೇಲೆ ಹಳದಿ ಹೆಜ್ಜೆಗುರುತುಗಳಿವೆ. ಅವುಗಳ ಹಿಂದೆ ಹೋಗುತ್ತಾ, ನಿಲ್ಲಿ ಎಂದಲ್ಲಿ ನಿಂತು, ನೋಡಿ ಎಂದದ್ದನ್ನು ನೋಡಿ, ಮರುಗಿ ಎಂದಲ್ಲಿ ಮರುಗಿದರೆ ಒಂದು ಮಧ್ಯಾಹ್ನದೊಳಗೆ ಪೇಟೆಯ ಚರಿತ್ರೆ ಮುಗಿಯುತ್ತದೆ. ಮಾರ್ಗದರ್ಶಿ ಬೇಡ, ಗುಂಪು ಬೇಡ, ಯಾರನ್ನೂ ಏನನ್ನೂ ಕೇಳುವ ಅಗತ್ಯವಿಲ್ಲ. ಈ ಕೊನೆಯ ಸೌಲಭ್ಯವೇ ನಮ್ಮ ಮನೆಗೆ ಮುಳುವಾಯಿತು.

ಕೇಳದೆ ದೂರುವುದು ಸರಿಯಲ್ಲವೆಂದು ನಾನೂ ಒಂದು ದಿನ ಕಿವಿಗೆ ತಂತಿ ಸಿಕ್ಕಿಸಿಕೊಂಡು, ಮದುವೆಯಾದಾಗಿನಿಂದ ಓಡಾಡುತ್ತಿರುವ ಬೀದಿಯಲ್ಲೇ ಪ್ರವಾಸಿಯಾಗಿ ನಡೆದೆ. ಒಂದು ಮುದ್ರಣಾಲಯದಲ್ಲಿ ಕರಡು ತಿದ್ದುವುದು ನನ್ನ ಕೆಲಸ. ಆದ್ದರಿಂದ ಕಥೆಗಿಂತ ಮೊದಲು ಕ್ರಿಯಾಪದ ಕಿವಿಗೆ ಬಿತ್ತು. ಆ ದನಿಗೆ ವರ್ತಮಾನಕಾಲವೆಂಬುದೇ ಇಲ್ಲ! “ಒಂದು ಕಾಲಕ್ಕೆ ಈ ಓಣಿ ಜನರಿಂದ ಗಿಜಿಗುಡುತ್ತಿತ್ತು” ಎಂದು ಆಕೆ ನಿಟ್ಟುಸಿರಿಡುವಾಗ ಹಿಂದಿನಿಂದ ಒಬ್ಬ ತಳ್ಳುಗಾಡಿಯವನು “ಏ ಅಕ್ಕಾ, ದಾರಿ ಬಿಡೀ” ಎಂದು ಕೂಗಿದ. “ಇಲ್ಲಿ ಹೆಂಗಸರು ನಿಂತು ಹರಟುತ್ತಿದ್ದರು” ಎಂದಾಗ, ಅಲ್ಲಿ ನಿಂತು ಹರಟುತ್ತಿದ್ದ ಮೂವರಲ್ಲಿ ಒಬ್ಬರು ನನ್ನನ್ನು ಕಂಡು “ಏನ್ರೀ ಕರಡು, ಮಾತೇ ಇಲ್ಲ, ಕಿವಿ ಕೇಳಿಸ್ತಿಲ್ವಾ?” ಎಂದರು. ನನಗೆ ನಿಜವಾಗಿಯೂ ಕೇಳಿಸುತ್ತಿರಲಿಲ್ಲ.

ಹೀಗೆ ನಡೆಯುತ್ತಾ ಎಂಟನೆಯ ನಿಲುಗಡೆಗೆ, ಅಂದರೆ ನಮ್ಮ ಮನೆಯ ಬಾಗಿಲಿಗೇ ಬಂದೆ. ಅಲ್ಲಿ ತಮ್ಮ ದನಿ ಹೇಳುವುದನ್ನು ಒಂದಕ್ಷರವೂ ತಿದ್ದದೆ ಕೊಡುತ್ತಿದ್ದೇನೆ. ನನ್ನ ವೃತ್ತಿಯಲ್ಲಿ ಇದು ಸುಲಭದ ಸಂಯಮವಲ್ಲ.

“ನಿಮ್ಮ ಎಡಕ್ಕೆ ತಿರುಗಿ. ಹಸಿರು ಬಾಗಿಲಿನ ಈ ಪುಟ್ಟ ಅಂಗಡಿಯಲ್ಲಿ ಹಳೇಪೇಟೆಯ ಕೊನೆಯ ಮೊಹರುಗಾರರು ರಬ್ಬರಿನ ಮೇಲೆ ಅಕ್ಷರಗಳನ್ನು ಕೊರೆಯುತ್ತಿದ್ದರು. ಮಂಡಿನೋವಿದ್ದರೂ ಕೊನೆಯವರೆಗೆ ಸ್ವಂತ ಕಾಲಮೇಲೆ ನಡೆದ ಆ ಸ್ವಾಭಿಮಾನಿ, ಹಸಿವು ತಾಳಲಾರದೆ ನಮ್ಮನ್ನಗಲಿದರು. ಬಾಗಿಲಲ್ಲಿ ಅವರೇ ನೇತುಹಾಕಿದ ‘ಈಗ ಬರುತ್ತೇನೆ’ ಎಂಬ ಫಲಕವಿತ್ತು. ಅವರು ಮರಳಿ ಬರಲಿಲ್ಲ. ಈಗ ಕಣ್ಣು ಮುಚ್ಚಿ. ಆ ಮೊಹರಿನ ಸದ್ದು ಇನ್ನೂ ಕೇಳಿಸುತ್ತಿದೆಯಲ್ಲವೇ?”

ಆಮೇಲೆ ಟಪ್, ಟಪ್, ಟಪ್ ಎಂಬ ಸದ್ದು. ಮೊಹರು ಒತ್ತುವುದು ತಮ್ಮಂಥ ಕಚೇರಿಗಳ ಕೆಲಸ. ಕೊರೆಯುವವರ ಕೋಣೆಯಲ್ಲಿ ಸದ್ದೇ ಇರುವುದಿಲ್ಲ. ಬ್ಲೇಡು ರಬ್ಬರಿನೊಳಗೆ ಇಳಿಯುವುದು ಪಕ್ಕದಲ್ಲಿ ಕೂತವರಿಗೂ ಕೇಳಿಸದು. ‘ಮೊಹರುಗಾರ’ ಎಂಬ ಮಾತನ್ನೂ ಈ ಪೇಟೆಯಲ್ಲಿ ಯಾರೂ ಆಡಿದ್ದಿಲ್ಲ, ಎಲ್ಲರಿಗೂ ಅವರು ಸೀಲಿನಂಗಡಿಯವರು. ಇಷ್ಟೆಲ್ಲ ಗೊತ್ತಿದ್ದೂ, ಮುಚ್ಚುಮರೆಯೇಕೆ, ಆ ದನಿಯ ಇಂಪಿಗೆ ನನ್ನ ಕಣ್ಣು ತುಂಬಿ ಬಂತು. ಎಂಥ ಒಳ್ಳೆಯ ಮನುಷ್ಯ, ಹೀಗಾಗಬಾರದಿತ್ತು ಅನ್ನಿಸಿತು. ಅಷ್ಟರಲ್ಲಿ ಆ ಒಳ್ಳೆಯ ಮನುಷ್ಯರೇ ಹಸಿರು ಬಾಗಿಲಿನಿಂದ ತಲೆ ಹೊರಹಾಕಿ, “ಏನಮ್ಮಾ, ಬಿಸಿಲಲ್ಲಿ ನಿಂತು ಅಳ್ತಿದೀಯಲ್ಲ, ಒಳಗೆ ಬಂದು ಅಳಬಾರ್ದಾ?” ಎಂದರು.

ಇಷ್ಟು ಸವಿವರವಾದ ಸಾವು ತಮ್ಮ ಕಚೇರಿಗೆ ಎಲ್ಲಿ ಸಿಕ್ಕಿತು? ವಿಚಾರಿಸಿದೆ. ನಮ್ಮ ಪಕ್ಕದಲ್ಲಿ ಕನ್ನಡಕದ ಅಂಗಡಿಯಿದೆ. ಅದರ ಮಾಲೀಕರನ್ನು ಪೇಟೆಯೆಲ್ಲ ಗಾಜಣ್ಣ ಎನ್ನುತ್ತದೆ. ಅವರು ಸಜ್ಜನರು, ಆದರೆ ಮಾತಿನಲ್ಲಿ ಬಲು ಜಿಪುಣರು. ತಮ್ಮ ಸಮೀಕ್ಷಕರು ಬಂದ ದಿನ ನಡೆದ ಸಂಭಾಷಣೆಯನ್ನು ಅವರು ನನಗೆ ಹಾಗೇ ಒಪ್ಪಿಸಿದ್ದಾರೆ.

“ಇಲ್ಲಿ ಸೀಲು ಮಾಡೋರು ಇದ್ರಲ್ಲ?” ಎಂದು ತಮ್ಮವರು ಕೇಳಿದರಂತೆ.

“ಹೋದ್ರು,” ಎಂದರು ಗಾಜಣ್ಣ.

“ಅಯ್ಯೋ! ಯಾವಾಗ?”

“ಈಗ ತಾನೇ.”

“ಛೆ! ಹುಷಾರಿರ್ಲಿಲ್ವಾ?”

“ಮಂಡಿನೋವಿತ್ತು. ಆದ್ರೂ ನಡ್ಕೊಂಡೇ ಹೋದ್ರು.”

“ಮತ್ತೆ ಏನಾಯ್ತು ಪಾಪ?”

“ಹಸಿವು. ತಡೀಲಾರೆ ಅಂದ್ರು, ಹೋದ್ರು.”

ತಮ್ಮ ಸಮೀಕ್ಷಕರು ತಲೆಯ ಮೇಲಿನ ಟೋಪಿ ತೆಗೆದು ಒಂದು ನಿಮಿಷ ಸುಮ್ಮನೆ ನಿಂತರಂತೆ. ಗಾಜಣ್ಣನಿಗೆ, ಪಾಪ ಸೆಖೆಯಿರಬೇಕು ಅನ್ನಿಸಿತಂತೆ. ಆಮೇಲೆ ಅವರು ಬಾಗಿಲಿನ ಫಲಕದ ಚಿತ್ರ ತೆಗೆದುಕೊಂಡು ಮುಂದಿನ ಬೀದಿಯ ಚರಿತ್ರೆ ಬರೆಯಲು ಹೊರಟರು. ಮಾವ ಊಟ ಮುಗಿಸಿ, ಒಂದು ಸಣ್ಣ ನಿದ್ದೆ ತೆಗೆದು, ಮಹಡಿಯಿಂದ ಇಳಿದು ಬಂದು ಅಂಗಡಿ ತೆರೆದರು. ಅಷ್ಟರಲ್ಲಿ ಅವರು ಪರಂಪರೆಗೆ ಸೇರಿಯಾಗಿತ್ತು.

ಮಾನ್ಯರೇ, ನಮ್ಮ ಭಾಷೆಯಲ್ಲಿ ಮನುಷ್ಯ ಅಂಗಡಿಗೂ ಹೋಗುತ್ತಾನೆ, ಊಟಕ್ಕೂ ಹೋಗುತ್ತಾನೆ, ಒಂದು ದಿನ ಸುಮ್ಮನೆ ‘ಹೋಗುತ್ತಾನೆ’. ಎಲ್ಲಕ್ಕೂ ಒಂದೇ ಕ್ರಿಯಾಪದ. ಹಾಗೆಂದೇ ಇಲ್ಲಿ ಹುಟ್ಟಿದವರು ಯಾರೋ ಹೋದರು ಎಂದು ಕೇಳಿದೊಡನೆ “ಎಲ್ಲಿಗೆ?” ಎನ್ನುತ್ತಾರೆ. ಉತ್ತರ ಬರದಿದ್ದರೆ ಮಾತ್ರ ಅಳಲು ಶುರುಮಾಡುತ್ತಾರೆ. ಯಾವಾಗ, ಹೇಗೆ, ಏನಾಗಿತ್ತು ಎಂದೆಲ್ಲ ಕೇಳಿದ ತಮ್ಮ ಸಮೀಕ್ಷಕರಿಗೆ ಆ ಒಂದು ಪ್ರಶ್ನೆ ಕೇಳಲು ಯಾವ ನಿಯಮ ಅಡ್ಡ ಬಂತು? ಅಥವಾ ಹಳೇಪೇಟೆಯಲ್ಲಿ ಒಬ್ಬ ಬದುಕಿರಬಹುದು ಎಂಬ ಸಾಧ್ಯತೆಯೇ ತಮ್ಮ ಯೋಜನೆಯಲ್ಲಿ ಇರಲಿಲ್ಲವೇ?

ಮೊದಲು ನಾವು ನಕ್ಕೆವು. ನಗದೇ ಇದ್ದವರು ನಮ್ಮ ಅತ್ತೆ ಒಬ್ಬರೇ. ಗಂಡ ಸತ್ತರೆಂಬುದನ್ನು ಅವರು ಹೇಗೋ ಅರಗಿಸಿಕೊಂಡರು. “ಹಸಿವಿನಿಂದ ಅಂತೆ! ಅವತ್ತು ಎರಡೆರಡು ಸಲ ಬಡಿಸ್ಕೊಂಡು ತಿಂದಿದಾರೆ ನಿಮ್ಮ ಮಾವ. ಗಂಡನಿಗೆ ಊಟ ಹಾಕ್ದೇ ಇರೋಳು ಅನ್ನೋ ಹೆಸರು ನನಗೆ!” ಎಂದು ಇಂದಿಗೂ ಕುದಿಯುತ್ತಾರೆ. ಒಮ್ಮೆ ಅವರು ಮೆಟ್ಟಿಲು ಗುಡಿಸುತ್ತಿದ್ದಾಗ ಒಬ್ಬ ಪ್ರವಾಸಿ ಹೆಂಗಸು ಬಂದು ಅವರ ಎರಡೂ ಕೈ ಹಿಡಿದು, ಕಣ್ಣೊರೆಸಿಕೊಂಡು ಹೋದಳು. ಮರುದಿನದಿಂದ ಅತ್ತೆ ಜನ ಸೇರುವ ಮೊದಲೇ ಗುಡಿಸಿ ಮುಗಿಸುತ್ತಾರೆ.

ಮಾವನಿಗೆ ಮಾತ್ರ ಮೊದಮೊದಲು ಬಹಳ ಖುಷಿಯಾಗಿತ್ತು. ಜನ ಬಾಗಿಲ ಮುಂದೆ ನಿಂತು ಕಣ್ಣು ಮುಚ್ಚುವುದನ್ನು ಒಳಗಿನಿಂದ ನೋಡುತ್ತಾ ಕೂರುತ್ತಿದ್ದರು. ಒಬ್ಬಳು ಹುಡುಗಿ ಫೋಟೋ ತೆಗೆಯುವಾಗ ಅವರಿಗೇ, “ತಾತ, ಸ್ವಲ್ಪ ಆಚೆ ನಿಲ್ತೀರಾ? ಅಂಗಡಿ ಮರೆಯಾಗ್ತಿದೆ,” ಎಂದಳು. ಅವರು ಆಚೆ ನಿಂತರು. ಬಾಗಿಲು ತೆರೆದಿದ್ದರೆ ಬಂದವರ ಮುಖ ಸಪ್ಪಗಾಗುತ್ತದೆಂದು ಅವರಿಗೆ ಬೇಗ ಗೊತ್ತಾಯಿತು. ಬಾಗಿಲಿನ ಒಂದು ಕದ ಮುಚ್ಚಿದರು. ಆಮೇಲೆ ಎರಡನ್ನೂ ಮುಚ್ಚಿದರು. “ಪಾಪ, ಎಲ್ಲೆಲ್ಲಿಂದಲೋ ಬರ್ತಾರಮ್ಮ. ನಾನು ಇದೀನಿ ಅಂದ್ರೆ ಬೇಜಾರಾಗಲ್ವಾ ಅವರಿಗೆ?” ಎಂದರು.

ಈಗ ಅವರು ಕೆಲಸ ಮಾಡುವುದನ್ನೇ ಬಿಟ್ಟಿದ್ದಾರೆ. ಸೀಲು ಬೇಕೆಂದು ಬಂದ ಶಾಲೆಯವರು, ವಕೀಲರ ಗುಮಾಸ್ತರು ಮುಚ್ಚಿದ ಬಾಗಿಲು ನೋಡಿ, ಪಕ್ಕದಲ್ಲಿ ನಿಂತ ಪ್ರವಾಸಿಗಳಿಂದ ದುಃಖದ ಸುದ್ದಿ ಕೇಳಿ, ಹಾಗೇ ಹಿಂದಿರುಗುತ್ತಾರೆ. ನನ್ನ ಗಂಡ “ಬಿಡು, ಅಪ್ಪ ಇದಾರಲ್ಲ, ಅಷ್ಟು ಸಾಕು,” ಎನ್ನುತ್ತಾರೆ. ಇದ್ದಾರೆ, ನಿಜ. ಊಟ ಮಾಡುತ್ತಾರೆ, ಕಿಟಕಿಗಾಗಿ ಜಗಳವಾಡುತ್ತಾರೆ. ಆದರೆ ಅಕ್ಷರಗಳನ್ನು ತಿರುಗುಮುರುಗಾಗಿ ಕೊರೆಯುತ್ತಾ ಬದುಕು ಕಳೆದ ಆ ಕೈಗಳು ಮಧ್ಯಾಹ್ನವೆಲ್ಲ ಮಡಿಲಲ್ಲಿ ಸುಮ್ಮನೆ ಬಿದ್ದಿರುವುದನ್ನು ನೋಡಲು ನನ್ನಿಂದ ಆಗುತ್ತಿಲ್ಲ. ಒಂದು ದಿನ ತಡೆಯಲಾರದೆ, “ಮಾವಾ, ಬಾಗಿಲು ತೆಗೀರಿ,” ಎಂದು ಗದರಿದೆ. ಅವರು ನಗಲಿಲ್ಲ. “ಇಷ್ಟು ವರ್ಷ ತೆಗೆದೇ ಇತ್ತಲ್ಲಮ್ಮ, ಒಬ್ರಾದ್ರೂ ನಿಂತು ನೋಡಿದ್ರಾ? ಈಗ ನಿಲ್ತಾರೆ. ಅದನ್ಯಾಕೆ ಕೆಡಿಸ್ಲಿ,” ಎಂದರು. ಆ ಮಾತಿಗೆ ತಮ್ಮಲ್ಲಿ ಉತ್ತರವಿದ್ದರೆ ದಯವಿಟ್ಟು ತಿಳಿಸಿ.

ತಮ್ಮ ಕಚೇರಿಗೂ ಬಂದಿದ್ದೆ. ಸಾಕ್ಷಿಗಿರಲಿ ಎಂದು ಮಾವನನ್ನೂ ಕರೆತಂದಿದ್ದೆ. ಕಿಟಕಿಯಲ್ಲಿದ್ದವರು ನನ್ನ ಮಾತೆಲ್ಲ ಕೇಳಿ, “ತೀರ್ಕೊಂಡೋರು ನಿಮಗೇನಾಗ್ಬೇಕು?” ಎಂದರು. “ಮಾವ. ಅಲ್ಲಿ ಬೆಂಚಿನ ಮೇಲೆ ಕೂತಿದಾರೆ,” ಎಂದೆ. ಅವರು ಕತ್ತು ಚಾಚಿ ನೋಡಿ, “ಅವರದ್ದು ಬೇರೆ ಅರ್ಜಿ ಕೊಡ್ಬೇಕಾಗುತ್ತೆ,” ಎಂದರು. ಧ್ವನಿಯಲ್ಲಿ ತಿದ್ದುಪಡಿ ಮಾಡಿಸಿ ಎಂದರೆ, “ದನಿ ಕೊಟ್ಟೋರು ಹೋದ್ರು,” ಎಂದರು.

“ಎಲ್ಲಿಗೆ?” ಎಂದು ಕೇಳಿದೆ.

“ರಜಕ್ಕೆ.”

ನೋಡಿದಿರಾ ಮಾನ್ಯರೇ, ಎಷ್ಟು ಸುಲಭ! ಆ ಹೆಣ್ಣುಮಗಳ ಹೆಸರಿನಲ್ಲಿ ಒಂದು ನಿಲುಗಡೆ ಆಗುವುದು ಅಲ್ಲಿಗೆ ತಪ್ಪಿತು.

ಕೊನೆಗೆ ತಮ್ಮ ಕಚೇರಿಯಿಂದ ಉತ್ತರವೂ ಬಂತು. ‘ಸದರಿ ಮಳಿಗೆಯವರು ಹಾಲಿ ಇರುವುದಿಲ್ಲವೆಂದು ಸಮೀಕ್ಷೆಯಲ್ಲಿ ದಾಖಲಾಗಿರುವುದರಿಂದ ತಿದ್ದುಪಡಿಗೆ ಅವಕಾಶವಿರುವುದಿಲ್ಲ. ನಡಿಗೆಯ ನೈಜತೆಯ ದೃಷ್ಟಿಯಿಂದ ಪ್ರವಾಸಿಗರು ಬರುವ ವೇಳೆ ಬಾಗಿಲು ಮುಚ್ಚಿಟ್ಟು ಸಹಕರಿಸುವುದು.’ ಕೆಳಗೆ ದುಂಡನೆಯ ಮೊಹರು. ನಾನು ಸಿಟ್ಟಿನಿಂದ ಕಾಗದವನ್ನು ಮಾವನ ಕೈಗಿತ್ತೆ. ಅವರು ಒಕ್ಕಣೆಯ ಕಡೆ ನೋಡಲೇ ಇಲ್ಲ. ಕನ್ನಡಕ ಏರಿಸಿ ಮೊಹರನ್ನೇ ದಿಟ್ಟಿಸಿದರು. “ಹೋದ ವರ್ಷ ನಾನೇ ಮಾಡ್ಕೊಟ್ಟಿದ್ದು. ‘ಪ’ ಚೆನ್ನಾಗಿ ಬಂದಿದೆ. ಇವರು ಶಾಯಿ ಜಾಸ್ತಿ ಹಚ್ತಾರೆ,” ಎಂದರು. ಅವರು ಇಲ್ಲವೆಂದು ದೃಢೀಕರಿಸಿದ ಆ ಕಾಗದವನ್ನು ಮಡಚಿ ಮೆಲ್ಲಗೆ ಹಿಂದಿರುಗಿಸಿದರು.

ಈಗ ನನ್ನ ಬೇಡಿಕೆ. ಕ್ಷಮೆ ಬೇಡ, ಸನ್ಮಾನ ಬೇಡ, ಸಮಿತಿಯಂತೂ ಖಂಡಿತ ಬೇಡ. ‘ಕೊರೆಯುತ್ತಿದ್ದರು’ ಎಂಬುದನ್ನು ‘ಕೊರೆಯುತ್ತಿದ್ದಾರೆ’ ಎಂದು ಮಾಡಿಕೊಡಿ. ‘ದ’ಕಾರಕ್ಕೆ ಒಂದು ದೀರ್ಘ, ಅಷ್ಟೇ. ಕೊನೆಯ ‘ರು’ವನ್ನು ‘ರೆ’ ಮಾಡುವ ಹೊಣೆ ನನಗಿರಲಿ, ಅಂಥ ಕೆಲಸಕ್ಕೇ ಮುದ್ರಣಾಲಯ ನನ್ನನ್ನು ಇಟ್ಟುಕೊಂಡಿದೆ. ಹಸಿವಿನ ವಾಕ್ಯವನ್ನು ನಮ್ಮ ಅತ್ತೆಯ ಮಾನಕ್ಕಾಗಿ ತೆಗೆಯಿರಿ. ಟಪ್ ಟಪ್ ಸದ್ದನ್ನು ಬೇಕಿದ್ದರೆ ತಮ್ಮ ಕಚೇರಿಯ ನಿಲುಗಡೆಗೆ ಬಳಸಿಕೊಳ್ಳಿ. ಮಾವ ಇದ್ದಾರೆಂದು ಆ ಇಂಪಾದ ದನಿ ಒಮ್ಮೆ ಹೇಳಿದರೆ, ಬಹುಶಃ ಅವರೂ ನಂಬುತ್ತಾರೆ. ನಾನು ಹೇಳಿದರೆ ನಂಬುತ್ತಿಲ್ಲ.

ಇಲ್ಲಿಗೆ ಪತ್ರ ಮುಗಿಯಬೇಕಿತ್ತು. ಕಿಟಕಿಯ ಜಗಳ ತಣ್ಣಗಾದ ಮೇಲೆ ಕೆಳಗಿಳಿದು ಹೋಗಿ ಇದನ್ನು ಮಾವನಿಗೆ ಓದಿ ಹೇಳಿದೆ. ಸಾವಿನ ಭಾಗಕ್ಕೆ ತಲೆದೂಗಿದರು. ಬೇಡಿಕೆಯ ಭಾಗ ಬಂದಾಗ, “ಒಂದೇ ದೀರ್ಘನಾ?” ಎಂದರು. “ಒಂದೇ,” ಎಂದೆ. ಎದ್ದು ಅಂಗಡಿಯ ಕೋಣೆಗೆ ಹೋದರು. ಸ್ವಲ್ಪ ಹೊತ್ತಿಗೆ ಹಸಿರು ಬಾಗಿಲು ಕಿರ್ರೆಂದಿತು. ಅದಕ್ಕೆ ಎಣ್ಣೆ ಬಿಟ್ಟು ಬಹಳ ದಿನವಾಗಿತ್ತು.

ನಾನು ಹೋಗಿ ನೋಡಿದಾಗ ಅವರು ಬಾಗಿಲು ತೆರೆದು, ಬೆಳಕಿಗೆ ಮುಖ ಮಾಡಿ, ಒಂದು ರಬ್ಬರಿನ ತುಂಡನ್ನು ಬೆರಳುಗಳ ನಡುವೆ ಹಿಡಿದು ಕೂತಿದ್ದರು. ಬ್ಲೇಡು ಸದ್ದಿಲ್ಲದೆ ಇಳಿಯುತ್ತಿತ್ತು. ಹೊರಗೆ ನಾಲ್ಕಾರು ಜನ ಕಿವಿಗೆ ತಂತಿ ಸಿಕ್ಕಿಸಿಕೊಂಡು, ದನಿ ಹೇಳಿದಂತೆ ಕಣ್ಣು ಮುಚ್ಚಿ ನಿಂತಿದ್ದರು. ಅತ್ತೆ ಒಳಬಾಗಿಲಿಗೆ ಒರಗಿ ನೋಡುತ್ತಿದ್ದರು. ಕಿಟಕಿಯ ಮಾತೆತ್ತಲಿಲ್ಲ.

ಮುಗಿದ ಮೇಲೆ ಅದನ್ನು ಮರದ ಹಿಡಿಗೆ ಅಂಟಿಸಿ, ಈ ಪತ್ರದ ಅಂಚಿನಲ್ಲಿ ಒಮ್ಮೆ ಒತ್ತಿ ನೋಡಿದರು. ಅಕ್ಷರವಿಲ್ಲ, ಬರೀ ಒಂದು ದೀರ್ಘದ ಗುರುತು. “ಇದನ್ನೂ ಕಳಿಸಮ್ಮ. ಅವರ ಹತ್ರ ಇಲ್ದೇ ಇರ್ಬೋದು,” ಎಂದರು.

ಅದನ್ನು ಈ ಪತ್ರದ ಜೊತೆ ಲಗತ್ತಿಸಿದ್ದೇನೆ. ಶಾಯಿ ಕಡಿಮೆ ಹಚ್ಚಿ. ಬಳಸಿದ ಮೇಲೆ ತಮ್ಮ ಸಮೀಕ್ಷಕರ ಕೈಯಲ್ಲೇ ಹಿಂದಿರುಗಿಸಿ. ಅವರು ಬಂದಾಗ ಬಾಗಿಲಲ್ಲಿ ‘ಈಗ ಬರುತ್ತೇನೆ’ ಎಂಬ ಫಲಕ ನೇತಾಡುತ್ತಿದ್ದರೆ, ಟೋಪಿ ತೆಗೆಯುವುದು ಬೇಡ, ಸ್ವಲ್ಪ ಕಾಯಲು ಹೇಳಿ. ಬರುತ್ತಾರೆ.

ಇಂತಿ,
ಊಟಕ್ಕೆ ಹೋಗಿದ್ದವರ ಸೊಸೆ
ಹಸಿರು ಬಾಗಿಲು, ತಮ್ಮ ಲೆಕ್ಕದ ಎಂಟನೆಯ ನಿಲುಗಡೆ